ಬಲ್ಮಠದ ನೆಯ್ಗೆಯೂ ಖಾಕಿ ಬಣ್ಣದ ಐತಿಹ್ಯವೂ

ಮಂಗಳೂರಿನ ಬಲ್ಮಠವು ಕನ್ನಡ ವಿದ್ವಾಂಸರಿಗೆ ಮುಖ್ಯವಾಗಿ ಅಲ್ಲಿನ ಅಚ್ಚುಕೂಟದ ಮೂಲಕ ಪರಿಚಿತವಾದ ಸ್ಥಳ. ೧೮೪೧ರಲ್ಲಿ ಅಲ್ಲಿ ಕಲ್ಲಚ್ಚಿನ ಯಂತ್ರವು ಸ್ಥಾಪಿತವಾದುದು, ೧೮೪೩ನೆಯ ಜುಲೈ ೧ರಂದು ಹೆರ್ಮನ್ ಮೋಗ್ಲಿಂಗನ ಸಂಪಾದಕತ್ವದಲ್ಲಿ 'ಮಂಗಳೂರ ಸಮಾಚಾರ'ವು ಹೊರಟುದು, ೧೮೪೮ರಿಂದ ಮುಂದಕ್ಕೆ ಜೈಮಿನಿ ಭಾರತ, ಬಸವಪುರಾಣ, ದಾಸರ ಪದಗಳು ಮೊದಲಾದ ಗ್ರಂಥಗಳು ಬೆಳಕು ಕಂಡುದು, ೧೮೯೪ರಲ್ಲಿ ಕಿಟ್ಟೆಲನ ನಿಘಂಟು ಅಲ್ಲಿಯೇ ಅಚ್ಚಾದುದು, ಇವೆಲ್ಲವೂ ಸಾಹಿತ್ಯಚರಿತ್ರೆಯ ಪುಸ್ತಕಗಳಲ್ಲಿ ಪದೇ ಪದೇ ಬರುವ ಸಂಗತಿಗಳು. ಆದರೆ ಅದೇ ಬಲ್ಮಠದಲ್ಲಿ ಅಚ್ಚಿನ ಯಂತ್ರದ ಶಬ್ದದೊಡನೆ ಮಗ್ಗದ ಶಬ್ದವೂ ಕೇಳಿಬರುತ್ತಿತ್ತೆಂಬುದು ಅಷ್ಟಾಗಿ ಪ್ರಸ್ತಾಪಕ್ಕೆ ಬರುವುದಿಲ್ಲ. ಬಂದರೂ, ಜಗತ್ತಿನ ಸೈನಿಕರು ತೊಡುವ ಖಾಕಿ ಬಣ್ಣವು ಇಲ್ಲಿಯೇ ಹುಟ್ಟಿತೆಂಬ ಒಂದು ವಾಕ್ಯದಲ್ಲಿ ವಿಷಯವು ಮುಗಿದುಹೋಗುತ್ತದೆ. ಆ ವಾಕ್ಯವು ಎಷ್ಟರಮಟ್ಟಿಗೆ ನಿಲ್ಲತಕ್ಕದ್ದು, ಮಗ್ಗವು ಆ ಗುಡ್ಡಕ್ಕೆ ಬಂದುದೇಕೆ, ಬಂದು ಮಾಡಿದುದೇನು ಎಂಬುದನ್ನು ವಿಚಾರಿಸುವುದು ಉಚಿತವಾಗಿದೆ.

ಬಾಸೆಲ್ ಮಿಷನ್ ಎಂಬ ಸಂಸ್ಥೆಯು ೧೮೧೫ರಲ್ಲಿ ಸ್ವಿಟ್ಜರ್ಲೆಂಡಿನ ಬಾಸೆಲ್ ಪಟ್ಟಣದಲ್ಲಿ ಹುಟ್ಟಿತು. ಕಂಪನಿ ಸರಕಾರದ ಸನ್ನದು ೧೮೩೩ರಲ್ಲಿ ಹೊಸದಾದಾಗ, ಇಂಗ್ಲಿಷರಲ್ಲದ ಐರೋಪ್ಯರಿಗೂ ಈ ದೇಶದಲ್ಲಿ ನೆಲಸಿ ಮತಬೋಧೆ ಮಾಡಲು ದಾರಿಯಾಯಿತು. ಅದರ ಮರುವರ್ಷ, ಎಂದರೆ ೧೮೩೪ರ ಅಕ್ಟೋಬರದಲ್ಲಿ, ಹೇಬಿಕ್, ಲೇಹ್ನರ್, ಗ್ರೈನರ್ ಎಂಬ ಮೂವರು ಕಲ್ಲಿಕೋಟೆಯಲ್ಲಿಳಿದು ಅಲ್ಲಿಂದ ಮಂಗಳೂರನ್ನು ಸೇರಿದರು. ೧೮೪೦ರಲ್ಲಿ, ಕೆನರಾ ಜಿಲ್ಲೆಯ ಕಲೆಕ್ಟರನಾಗಿದ್ದ ಬ್ಲೇರ್ ಎಂಬವನು ಬಲ್ಮಠದ ಮನೆಯನ್ನೂ ಹಿತ್ತಿಲನ್ನೂ ಮಿಷನ್ನಿಗೆ ಬಿಟ್ಟುಕೊಟ್ಟನು. ಇಂದು ಕರ್ನಾಟಕ ಥಿಯಲಾಜಿಕಲ್ ಕಾಲೇಜು ಇರುವುದು ಆ ಗುಡ್ಡದ ಮೇಲೆಯೇ. ಪಾಠಶಾಲೆ, ಅಚ್ಚುಕೂಟ, ನೆಯ್ಗೆಯ ಶಾಲೆ, ಮೂರೂ ಈ ಒಂದೇ ಆವರಣದ ಆಶ್ರಯದಲ್ಲಿ ಬೆಳೆದುವು.

ಮತಬೋಧೆಗೆ ಬಂದವರು ಮಗ್ಗವನ್ನು ಹೂಡಬೇಕಾದ ಕಾರಣವು ಆ ಕಾಲದ ತುಳುನಾಡಿನ ಸಾಮಾಜಿಕ ಸ್ಥಿತಿಯಲ್ಲಿ ಅಡಗಿದೆ. ಇಲ್ಲಿ ಮೊದಲು ಕ್ರೈಸ್ತಮತವನ್ನು ಸೇರಿದ ಪ್ರೊಟೆಸ್ಟಂಟರಲ್ಲಿ ಬಹುಮಂದಿ ಬಿಲ್ಲವರು. ಅವರಲ್ಲಿ ಆಸ್ತಿಯು ಅಳಿಯಸಂತಾನದ ಕಟ್ಟಿನ ಪ್ರಕಾರ ಹೆಣ್ಣಿನ ಮೂಲಕ ಸಂದುಬರತಕ್ಕದ್ದು. ಕುಟುಂಬದ ಮನೆಯನ್ನು ಬಿಟ್ಟುಹೋದವನಿಗೆ ಅದರ ಹುಟ್ಟುವಳಿಯಲ್ಲಿ ಕೈಯಿಡುವ ಅವಕಾಶವಿರಲಿಲ್ಲ. ಜಾತಿಯಿಂದ ಹೊರಗಾದವನ ಸ್ವತ್ತಿನ ಹಕ್ಕನ್ನು ಕಾಯ್ದಿಡುವುದಕ್ಕಾಗಿ ಸರಕಾರವು ೧೮೫೦ರಲ್ಲಿ ೨೧ನೆಯ ಆಕ್ಟನ್ನು ಹೊರಡಿಸಿತಾದರೂ, ಕಾಗದದ ಮೇಲಿನ ಹಕ್ಕಿನಿಂದ ಒಲೆ ಉರಿಯುವುದಿಲ್ಲವಷ್ಟೆ. ಇದಕ್ಕಿಂತಲೂ ತೊಡಕಾದ ಇನ್ನೊಂದು ಸಂಗತಿಯಿತ್ತು. ಬಿಲ್ಲವರಲ್ಲಿ ಅನೇಕರ ಕುಲವೃತ್ತಿಯು ತೆಂಗು ತಾಳೆಗಳಿಂದ ಕಳ್ಳಿಳಿಸುವುದು. ಮದ್ಯವನ್ನು ಕಟುವಾಗಿ ವಿರೋಧಿಸುತ್ತಿದ್ದ ಮಿಷನ್ನಿನವರು ಹೊಸ ಕ್ರೈಸ್ತನು ಆ ಕಸುಬನ್ನು ಮುಂದುವರಿಸಬಾರದೆಂದು ಪಟ್ಟುಹಿಡಿದರು. ಹೀಗೆ ಕುಟುಂಬವು ಮನೆಯನ್ನು ಕಿತ್ತುಕೊಂಡರೆ ಸಭೆಯು ಕಸುಬನ್ನು ಕಿತ್ತುಕೊಂಡಿತು. ಈ ಎರಡನೆಯ ಹೊಣೆಯು ಮಿಷನ್ನಿನದೇ ಎಂಬುದನ್ನು ಅದರ ಕೈಗಾರಿಕೆಗಳನ್ನು ಹೊಗಳುವವರು ಹಲವೊಮ್ಮೆ ಮರೆಯುತ್ತಾರೆ. ದಯೆಯಿಂದ ಕೆಲಸ ಕೊಟ್ಟರೆಂದು ಹೇಳುವುದಕ್ಕಿಂತ, ತಾವು ಬಿಡಿಸಿದ ಕೆಲಸಕ್ಕೆ ಬದಲು ಕೊಡುವುದು ಅವರಿಗೆ ಅನಿವಾರ್ಯವಾಯಿತೆಂದು ಹೇಳುವುದು ಹೆಚ್ಚು ನ್ಯಾಯವಾದೀತು.

ಮೊದಮೊದಲು ಬೇಸಾಯ, ಬಡಗಿತನ, ಗಡಿಯಾರದ ಕೆಲಸ ಮುಂತಾದುವನ್ನು ಪ್ರಯೋಗಿಸಿ ನೋಡಿದರು. ಅವುಗಳಲ್ಲಿ ಯಾವುದೂ ಬಹುಮಂದಿಗೆ ಅನ್ನ ಹುಟ್ಟಿಸುವಷ್ಟು ಬೆಳೆಯಲಿಲ್ಲ. ನೆಯ್ಗೆಯು ಮಾತ್ರ ನಿಂತಿತು. ೧೮೫೧ರಲ್ಲಿ ಯೋಹಾನ್ನೆಸ್ ಹಾಲ್ಲರ್ ಎಂಬ ನುರಿತ ನೇಕಾರನು ಯುರೋಪಿನಿಂದ ಬಂದು ಬಲ್ಮಠದ ನೆಯ್ಗೆಯ ಶಾಲೆಯನ್ನು ವಹಿಸಿಕೊಂಡ ಮೇಲೆ ಅದಕ್ಕೊಂದು ರೂಪ ಬಂದಿತು. ಇಂಗ್ಲಿಷ್ ಬರಹಗಳಲ್ಲಿ ಜಾನ್ ಹಾಲರ್ ಎಂದು ಕರೆಯಲ್ಪಡುವವನು ಈತನೇ.

ಹಾಲ್ಲರನು ಬರುವುದಕ್ಕೆ ಮುಂಚೆ ಈ ನಾಡಿನಲ್ಲಿ ನೆಯ್ಗೆಯೇ ಇರಲಿಲ್ಲವೆಂದು ಯಾರೂ ಭಾವಿಸತಕ್ಕದ್ದಲ್ಲ. ಶೆಟ್ಟಿಗಾರರೆಂದು ಕರೆಯಲ್ಪಡುವ ಪದ್ಮಶಾಲಿಗಳು ತುಳುನಾಡಿನಲ್ಲಿ ಪೂರ್ವದಿಂದಲೂ ನೇಯುತ್ತ ಬಂದವರು. ಕನ್ನಡ ನಾಡಿನಲ್ಲಿ ಮಗ್ಗಕ್ಕಿರುವ ಮರ್ಯಾದೆಯನ್ನು ತಿಳಿಯಬೇಕಾದರೆ ವಚನಕಾರರಲ್ಲಿ ಆದ್ಯನೆನಿಸಿದ ದಾಸಿಮಯ್ಯನ ಹೆಸರಿನ ಹಿಂದೆ 'ಜೇಡರ' ಎಂಬ ಶಬ್ದವು ನಿಂತಿರುವುದನ್ನು ನೆನೆದರೆ ಸಾಕು. ಆದರೆ ದೇಶೀಯ ಮಗ್ಗವು ಬಹುಮಟ್ಟಿಗೆ ಗುಣಿಮಗ್ಗ. ನೇಕಾರನು ನೆಲದಲ್ಲಿ ತೋಡಿದ ಗುಣಿಯೊಳಗೆ ಕಾಲಿಳಿಬಿಟ್ಟು ಕುಳಿತು, ಕಾಲಿನಿಂದ ತುಳಿಹಲಗೆಗಳನ್ನು ಮೆಟ್ಟುತ್ತ, ಹಾಸಿನ ಎಳೆಗಳ ನಡುವೆ ಲಾಳಿಯನ್ನು ಒಂದು ಕೈಯಿಂದ ಇನ್ನೊಂದು ಕೈಗೆ ಎಸೆಯುತ್ತಾನೆ. ಬಟ್ಟೆಯ ಅಗಲವು ಅವನ ಎರಡು ತೋಳುಗಳ ಚಾಚನ್ನು ಮೀರುವಂತಿಲ್ಲ; ಮೀರಿದರೆ ಲಾಳಿಯನ್ನು ಹಿಡಿಯಲು ಇನ್ನೊಬ್ಬನು ಬೇಕಾಗುತ್ತದೆ. ವರ್ಷಕ್ಕೆ ೩,೫೦೦ ಮಿಲ್ಲಿಮೀಟರಿಗೂ ಮಿಕ್ಕು ಮಳೆ ಸುರಿಯುವ ಈ ಕರಾವಳಿಯಲ್ಲಿ ನೆಲದ ಗುಣಿಯೊಳಗೆ ಆಷಾಢ ಶ್ರಾವಣಗಳಲ್ಲಿ ಒರತೆಯೂ ತಂಪೂ ಕಾಡುವುದು ಸಹಜವೇ.

ಬಲ್ಮಠದಲ್ಲಿ ಹೂಡಲ್ಪಟ್ಟುದು ಚೌಕಟ್ಟಿನ ಮಗ್ಗ. ಅದು ನೆಲದ ಮೇಲೆ ನಾಲ್ಕು ಕಂಬಗಳಲ್ಲಿ ನಿಲ್ಲತಕ್ಕದ್ದು. ನೇಯುವವನು ಹಲಗೆಯ ಮೇಲೆ ಕುಳಿತುಕೊಳ್ಳುತ್ತಾನೆ. ಲಾಳಿಯು ಎರಡು ಕಡೆಯ ಪೆಟ್ಟಿಗೆಗಳಿಂದ ಹಗ್ಗದ ಸೆಳೆತಕ್ಕೆ ತಾನೇ ಹಾರಿಹೋಗುತ್ತದೆ. ಈ ಹಾರುಲಾಳಿಯನ್ನು ೧೭೩೩ರಲ್ಲಿ ಇಂಗ್ಲೆಂಡಿನ ಜಾನ್ ಕೇ ಎಂಬವನು ನಿರ್ಮಿಸಿದನೆಂಬುದು ಪ್ರಸಿದ್ಧ. ಅಷ್ಟು ಪ್ರಸಿದ್ಧವಲ್ಲದ ಮಾತೆಂದರೆ, ಕೇ ಮೊದಲು ಕೈಹಾಕಿದುದು ಲಾಳಿಗಲ್ಲ, ಹಣಿಗೆಗೆ. ಹಾಸಿನ ಎಳೆಗಳನ್ನು ಬೇರ್ಪಡಿಸಿ ಹೊಕ್ಕನ್ನು ಬಡಿದು ಕೂರಿಸುವ ಬಾಚಣಿಗೆಯ ಹಲ್ಲುಗಳು ಅದುವರೆಗೆ ಜೊಂಡಿನವು ಅಥವಾ ಬಿದಿರಿನವು. ಅವುಗಳಿಗೆ ಬದಲಾಗಿ ಅವನು ಲೋಹದ ತಂತಿಯ ಹಲ್ಲುಗಳನ್ನು ಕೂರಿಸಿದನು. ಬಿದಿರಿನ ಹಲ್ಲು ಎಷ್ಟೇ ಸಣ್ಣದಾದರೂ ಅದಕ್ಕೊಂದು ದಪ್ಪವುಂಟು, ಸವೆತವೂ ಉಂಟು. ತಂತಿಯ ಹಲ್ಲು ತೆಳ್ಳಗಿದ್ದು ಸಮವಾಗಿರುವುದರಿಂದ ಒಂದಂಗುಲದೊಳಗೆ ಹೆಚ್ಚು ಎಳೆಗಳನ್ನು ಹಿಡಿಸಲು ಸಾಧ್ಯವಾಯಿತು. ಯುರೋಪಿನ ನೆಯ್ಗೆಯ ಬಿಗುವಿಗೂ ನುಣುಪಿಗೂ ಈ ಸಣ್ಣ ಸಂಗತಿಯು ದೊಡ್ಡ ಕಾರಣ. (ತಮಿಳು ಮಲೆಯಾಳಗಳಲ್ಲಿ ಈ ಹಣಿಗೆಗೆ 'ಅಚ್ಚು' ಎಂದೂ ಹೆಸರುಂಟು, ಮುದ್ರಣಕ್ಕೂ ಅದೇ ಶಬ್ದ. ಬಲ್ಮಠದ ಎರಡು ಕಸುಬುಗಳಿಗೆ ದ್ರಾವಿಡ ಭಾಷೆಯು ಒಂದೇ ಹೆಸರನ್ನು ಮೊದಲೇ ಸಿದ್ಧಪಡಿಸಿಟ್ಟಿದ್ದಂತೆ ತೋರುತ್ತದೆ.)

ತಂತಿಯು ಮಗ್ಗಕ್ಕೆ ಉಪಕರಣವಾಗದೆ ತಾನೇ ನೂಲಾಗುವುದೂ ಉಂಟು. ಜಪಾನಿನ ಕ್ಯೋಟೋ ನಗರದಲ್ಲಿ 'ಕನ-ಅಮಿ' ಎಂಬ ಪ್ರಾಚೀನ ಕಸುಬೊಂದು ಇಂದಿಗೂ ನಡೆದುಬರುತ್ತಿದೆ. ಅಲ್ಲಿನ ಕುಶಲರು ತಾಮ್ರದ ತಂತಿಯನ್ನು ಕೈಯಿಂದಲೇ ಹೊಸೆದು, ಆಮೆಯ ಚಿಪ್ಪಿನಂತೆ ಆರು ಮೂಲೆಯ ಕಣ್ಣುಗಳು ಬರುವ ಹಾಗೆ, ಅಥವಾ ಸೇವಂತಿಗೆಯ ದಳಗಳು ಅರಳಿದ ಹಾಗೆ ಹೆಣೆದು, ಚಹದ ಸೋಸಣಿಗೆ, ಸೋಯಾ ಗಿಣ್ಣನ್ನು ನೀರಿನಿಂದೆತ್ತುವ ಜಾಲರಿಸೌಟು ಮುಂತಾದುವನ್ನು ಮಾಡುತ್ತಾರೆ. ಅದರಲ್ಲಿ ಹಾಸು ಹೊಕ್ಕುಗಳ ಭೇದವಿಲ್ಲ. ಎರಡು ತಂತಿಗಳು ಒಂದನ್ನೊಂದು ತಿರುವಿ ಹಿಡಿಯುತ್ತವೆ. ನಮ್ಮಲ್ಲಿ ಲೋಹವು ಬಟ್ಟೆಯೊಳಗೆ ಹೊಕ್ಕ ದಾರಿ ಬೇರೆ: ಬೆಳ್ಳಿಬಂಗಾರಗಳ ಎಳೆಯನ್ನು ರೇಷ್ಮೆಯ ನೂಲಿಗೆ ಸುತ್ತಿ ಜರಿಯಾಗಿ ಸೆರಗಿನಲ್ಲಿ ಸೇರಿಸಿದರು. ಬಲ್ಮಠದ ಬಡವರ ಶಾಲೆಗೆ ಜರಿಯ ಸಂಬಂಧವಿರಲಿಲ್ಲ. ಆದರೆ ಲೋಹವು ಬಣ್ಣದ ರೂಪದಿಂದಲೂ ಬಟ್ಟೆಯನ್ನು ಸೇರಬಲ್ಲುದೆಂಬುದು ಖಾಕಿಯ ವಿಚಾರದಲ್ಲಿ ಮುಂದೆ ಕಂಡುಬರುತ್ತದೆ.

ನೆಯ್ಗೆಯ ಶಾಲೆಯಿಂದ ಹೊರಟ ಮೇಜುಬಟ್ಟೆ, ಕೈವಸ್ತ್ರ, ಅಂಗಿಯ ಬಟ್ಟೆಗಳು ತಮ್ಮ ಬಾಳಿಕೆಯಿಂದ ಹೆಸರಾದುವು. ಅವುಗಳನ್ನು ಕೊಳ್ಳುತ್ತಿದ್ದವರಲ್ಲಿ ಐರೋಪ್ಯ ಅಧಿಕಾರಿಗಳೂ ಇದ್ದರು. ಮ್ಯಾಂಚೆಸ್ಟರಿನ ಗಿರಣಿಬಟ್ಟೆಯ ಪ್ರವಾಹದಲ್ಲಿ ದೇಶದ ಮಗ್ಗಗಳು ಮುಳುಗುತ್ತಿದ್ದ ಕಾಲದಲ್ಲಿ ಕೈಮಗ್ಗವೊಂದನ್ನು ಹೊಸದಾಗಿ ಹೂಡಿ ಉಳಿಸಿಕೊಂಡುದು ಸಾಮಾನ್ಯವಾದ ಮಾತಲ್ಲ. ಅದಕ್ಕೆ ವ್ಯಾಪಾರದ ಆಧಾರವೂ ಬೇಕಾಯಿತು. ೧೮೫೪ರಲ್ಲಿ ಗೊಟ್ಲೋಬ್ ಪ್ಲೈಡರರ್ ಎಂಬ ವರ್ತಕನು ಮಂಗಳೂರಿಗೆ ಬಂದು ಅಂಗಡಿಯನ್ನೂ ಲೆಕ್ಕಪತ್ರಗಳನ್ನೂ ಕ್ರಮಪಡಿಸಿದನು. ೧೮೫೯ರಲ್ಲಿ ಬಾಸೆಲಿನಲ್ಲಿ ಪ್ರತ್ಯೇಕವಾದ ವ್ಯಾಪಾರದ ಕಂಪನಿಯೇ ಸ್ಥಾಪಿತವಾಯಿತು. ಸುವಾರ್ತೆ ಸಾರಲು ಬಂದವರು ಗಜಕಡ್ಡಿ ಹಿಡಿದು ಬಟ್ಟೆ ಅಳೆಯುವುದು ಯುಕ್ತವೇ ಎಂಬ ಪ್ರಶ್ನೆಯು ಆ ಸಂಸ್ಥೆಯೊಳಗೇ ಎದ್ದಿತು. ಕೆಲಸದ ಆಸೆಯಿಂದ ಮತಕ್ಕೆ ಬರುವವರು ಹೆಚ್ಚಾದಾರೆಂಬ ಅಂಜಿಕೆಯೂ, ದುಡಿದು ತಿನ್ನುವ ಸ್ವಭಾವವೇ ಧರ್ಮದ ಅಂಗವೆಂಬ ನಂಬಿಕೆಯೂ ಒಂದನ್ನೊಂದು ಎದುರಿಸಿ ನಿಂತುವು.

ಕೆಲಸಗಾರನ ಕಡೆಯಿಂದ ನೋಡಿದರೆ ಬದಲಾವಣೆಯು ಇನ್ನೂ ಗಾಢವಾದುದು. ಕಳ್ಳಿಳಿಸುವವನ ದಿನವು ಮರ ಕೇಳಿದಂತೆ ನಡೆಯುತ್ತಿತ್ತು: ಬೆಳಗ್ಗೆ ಒಮ್ಮೆ, ಸಂಜೆ ಒಮ್ಮೆ ಏರುವುದು, ನಡುವೆ ಗದ್ದೆಯ ಕೆಲಸ. ಮಗ್ಗದ ಶಾಲೆಯಲ್ಲಿ ಹೊತ್ತೇ ಯಜಮಾನ. ತಂದೆಯಿಂದ ಮಗನಿಗೆ ಬರುವ ಕೈಚಳಕವು ಅಲ್ಲಿ ಯಾರಿಗೂ ಇರಲಿಲ್ಲ. ಎಲ್ಲರೂ ಹೊಸಬರು, ಕಲಿಸುವವನೂ ಪರದೇಶದವನು. ನೆಯ್ಗೆಯೆಂದರೆ ಇಂಥ ಜಾತಿಯ ಕಸುಬೆಂದು ನಿಶ್ಚಿತವಾಗಿದ್ದ ನಾಡಿನಲ್ಲಿ ಮರವೇರುತ್ತಿದ್ದವನ ಮಗನು ಲಾಳಿ ಹಿಡಿದು ಕೂಲಿ ಎಣಿಸಿಕೊಂಡುದು ಸಣ್ಣ ಘಟನೆಯಲ್ಲ. ತುಳುನಾಡಿನ ಕೈಗಾರಿಕೆಯ ಕೂಲಿಗಾರನ ಇತಿಹಾಸವು ಹೆಂಚಿನ ಕಾರ್ಖಾನೆಯಿಂದ ಆರಂಭವಾಗುತ್ತದೆಂದು ಹೇಳುವುದು ವಾಡಿಕೆ. ಅದನ್ನು ಹದಿನಾಲ್ಕು ವರ್ಷ ಹಿಂದಕ್ಕೆ, ಬಲ್ಮಠದ ಮಗ್ಗಕ್ಕೆ ಕೊಂಡೊಯ್ಯುವುದೇ ಸರಿ.

ಇನ್ನು ಖಾಕಿಯ ಮಾತು. ಐತಿಹ್ಯವು ಇಂತಿದೆ: ಹಾಲ್ಲರನು ೧೮೫೧ರ ಸುಮಾರಿಗೆ ಬಲ್ಮಠದ ಬಣ್ಣದ ಶಾಲೆಯಲ್ಲಿ ಗೇರಿನ ರಸದಿಂದ ಮಣ್ಣಿನ ಬಣ್ಣವೊಂದನ್ನು ಕಂಡುಹಿಡಿದನು, ಅದಕ್ಕೆ ಖಾಕಿಯೆಂದು ಹೆಸರಿಟ್ಟನು, ಜಿಲ್ಲೆಯ ಪೋಲೀಸರು ಅದನ್ನು ಮೊದಲು ತೊಟ್ಟರು, ಮುಂದೆ ಲಾರ್ಡ್ ರಾಬರ್ಟ್ಸ್ ಎಂಬ ಸೇನಾಪತಿಯು ಬಲ್ಮಠಕ್ಕೆ ಬಂದು ನೋಡಿ ಮೆಚ್ಚಿ ಅದನ್ನು ಸೈನ್ಯಕ್ಕೆ ಶಿಫಾರಸು ಮಾಡಿದನು. ಈ ಕಥೆಯಲ್ಲಿ ನಾಲ್ಕು ಎಳೆಗಳು ಹೆಣೆದುಕೊಂಡಿವೆ. ಒಂದೊಂದನ್ನೂ ಬಿಡಿಸಿ ನೋಡಬೇಕು.

ಹೆಸರು ಬಲ್ಮಠದ್ದಲ್ಲ. 'ಖಾಕ್' ಎಂದರೆ ಪಾರಸಿಯಲ್ಲಿ ಧೂಳು, ಮಣ್ಣು. 'ಖಾಕಿ' ಎಂದರೆ ಧೂಳಿನ ಬಣ್ಣದ್ದು. ಈ ಶಬ್ದವು ಹಿಂದೂಸ್ಥಾನಿಯ ಮೂಲಕ ಇಂಗ್ಲಿಷಿಗೆ ಹೋಯಿತು. ಸೈನಿಕರ ಉಡುಪಾಗಿ ಖಾಕಿಯ ಮೊದಲ ಉಪಯೋಗವೂ ಬಲ್ಮಠದ್ದಲ್ಲ. ೧೮೪೬ರ ಡಿಸೆಂಬರದಲ್ಲಿ ವಾಯವ್ಯದ ಗಡಿಯಾದ ಪೇಶಾವರದಲ್ಲಿ 'ಗೈಡ್ಸ್' ಎಂಬ ದಂಡು ಕಟ್ಟಲ್ಪಟ್ಟಿತು. ಅದರ ನಾಯಕನಾದ ಹ್ಯಾರಿ ಲಮ್ಸ್‌ಡನ್ ಮತ್ತು ಅವನ ಕೈಕೆಳಗಿನ ಹಾಡ್ಸನ್ ಇಬ್ಬರೂ ಸೇರಿ ೧೮೪೮ರಲ್ಲಿ ತಮ್ಮ ಸಿಪಾಯಿಗಳಿಗೆ ಧೂಳುಬಣ್ಣದ ಉಡುಪನ್ನು ಗೊತ್ತುಪಡಿಸಿದರು. ಗುಡ್ಡಗಳ ಮಣ್ಣಿನಲ್ಲಿ ಸಿಪಾಯಿಯು ಎದ್ದುಕಾಣಬಾರದೆಂಬುದು ಅವರ ಉದ್ದೇಶ. ಆ ವರ್ಷ ಹಾಲ್ಲರನು ಇನ್ನೂ ಮಂಗಳೂರಿನ ಬಂದರನ್ನು ಕಂಡಿರಲಿಲ್ಲ. ೧೮೫೭ರ ದಂಗೆಯ ಕಾಲದಲ್ಲಿ ಬಿಳಿಯ ಉಡುಪಿನ ಆಂಗ್ಲ ದಂಡುಗಳು ಚಹ, ಮಸಿ, ಕೆಸರು ಮುಂತಾಗಿ ಕೈಗೆ ಸಿಕ್ಕಿದುದರಲ್ಲಿ ತಮ್ಮ ಬಟ್ಟೆಗಳನ್ನು ಅದ್ದಿ ಕಂದಾಗಿಸಿಕೊಂಡುವೆಂದೂ ಗೊತ್ತಿದೆ. ಇದರಿಂದ ತಿಳಿದುಬರುವುದು ಎರಡು: ಖಾಕಿಯು ಆಗ ಒಂದು ಬೇಡಿಕೆಯಾಗಿತ್ತು, ಬಿಸಿಲಿಗೂ ಮಳೆಗೂ ಒಗೆತಕ್ಕೂ ನಿಲ್ಲುವ ಖಾಕಿ ಬಣ್ಣವು ಮಾತ್ರ ಸೈನ್ಯದ ಬಳಿಯಿರಲಿಲ್ಲ.

ಬಲ್ಮಠದ ಹಕ್ಕನ್ನು ಕೇಳಬೇಕಾದುದು ಈ ಎಡೆಯಲ್ಲಿ. ಐತಿಹ್ಯವು ಹೇಳುವ 'ಗೇರು' ಯಾವುದೆಂಬುದನ್ನು ಮೊದಲು ನಿರ್ಣಯಿಸತಕ್ಕದ್ದು. ಕರಾವಳಿಯವರು ಇಂದು ಗೇರೆಂದೊಡನೆ ಪೋರ್ತುಗೀಸರು ತಂದ ಗೋಡಂಬಿಯ ಮರವನ್ನೇ ಭಾವಿಸುತ್ತಾರೆ. ಐತಿಹ್ಯದ ಇಂಗ್ಲಿಷ್ ರೂಪದಲ್ಲಿರುವ ಶಾಸ್ತ್ರೀಯ ನಾಮವು ಸೆಮೆಕಾರ್ಪಸ್. ಅದು ಸಂಸ್ಕೃತದ ಭಲ್ಲಾತಕ, ನಮ್ಮವರ ಕರಿಗೇರು ಅಥವಾ ಅಗಸರ ಗೇರು. ಗೇರೆಂಬ ಹೆಸರಿನ ಪೂರ್ವದ ಒಡೆಯನು ಈ ದೇಶೀಯ ವೃಕ್ಷವೇ. ಪರದೇಶದಿಂದ ಬಂದ ಸಜಾತಿಯ ಮರಕ್ಕೆ ಜನರು ಅದೇ ಹೆಸರನ್ನು ದಾಟಿಸಿದರು. ಇದರ ಕಾಯಿಯ ಸಿಪ್ಪೆಯಲ್ಲಿರುವ ರಸವು ಮೈಗೆ ತಗಲಿದರೆ ಹುಣ್ಣೇಳಿಸುವಷ್ಟು ಉಗ್ರ. ಬಟ್ಟೆಗೆ ತಗಲಿ ಸುಣ್ಣದ ಸೋಂಕಾದರೆ ಎಷ್ಟು ಒಗೆದರೂ ಹೋಗದ ಕಪ್ಪು ಗುರುತಾಗುತ್ತದೆ. ಅಗಸನು ಮನೆಮನೆಯ ಬಟ್ಟೆಗೆ ಗುರುತಿಡುತ್ತಿದ್ದುದು ಇದರಿಂದಲೇ. ಹೀಗಿರುವಲ್ಲಿ, ಒಗೆತಕ್ಕೆ ಹೋಗದ ಬಣ್ಣವನ್ನು ಹುಡುಕುತ್ತಿದ್ದವನು ಊರಿನ ಅಗಸರ ಗುರುತನ್ನು ಕಂಡು ಆ ರಸದತ್ತ ತಿರುಗಿದನೆಂಬುದು ನಂಬತಕ್ಕ ಮಾತೇ ಆಗಿದೆ. ಹಾಗಿದ್ದಲ್ಲಿ ಆ ಬಣ್ಣದ ಅರ್ಧ ಯಶಸ್ಸು ಹೆಸರಿಲ್ಲದ ಮಡಿವಾಳರಿಗೂ, ಕೈ ಸುಟ್ಟುಕೊಂಡು ರಸ ತೆಗೆದ ಕೂಲಿಗಾರರಿಗೂ ಸಲ್ಲಬೇಕಾಗುತ್ತದೆ. ಐತಿಹ್ಯವು ಹಾಲ್ಲರನೊಬ್ಬನನ್ನೇ ಹೆಸರಿಸುತ್ತದೆ.

ಆದರೆ ಜಗತ್ತಿನ ಸೈನ್ಯಗಳು ಕೊನೆಗೆ ತೊಟ್ಟ ಖಾಕಿಯು ಗೇರಿನದಲ್ಲ. ೧೮೮೪ರಲ್ಲಿ ಇಂಗ್ಲೆಂಡಿನ ಲ್ಯಾಂಕಶೈರಿನ ಆಕ್ರಿಂಗ್ಟನ್ ಎಂಬ ಊರಿನ ಫ್ರೆಡರಿಕ್ ಗ್ಯಾಟಿಯು ಖನಿಜ ಖಾಕಿಗೆ ಪೇಟೆಂಟ್ ಹಕ್ಕನ್ನು ಪಡೆದನು. ಅದರ ಕ್ರಮದಲ್ಲಿ ಹತ್ತಿಬಟ್ಟೆಗೆ ಕಬ್ಬಿಣ ಮತ್ತು ಕ್ರೋಮಿಯಂ ಲವಣಗಳ ದ್ರಾವಣವನ್ನು ಕುಡಿಸಿ, ಆಮೇಲೆ ಕ್ಷಾರದಲ್ಲಿ ಅದ್ದುತ್ತಾರೆ. ಆಗ ಆ ಲೋಹಗಳ ಆಕ್ಸೈಡುಗಳು ಎಳೆಯೊಳಗೇ ಕುಳಿತುಬಿಡುತ್ತವೆ. ಕಬ್ಬಿಣವು ತುಕ್ಕಿನ ಕೆಂಗಂದನ್ನೂ ಕ್ರೋಮಿಯಂ ಹಸುರುಛಾಯೆಯನ್ನೂ ಕೊಡುತ್ತದೆ. ಇವೆರಡರ ಮಿಶ್ರಣದ ಪ್ರಮಾಣದಿಂದ ಧೂಳುಬಣ್ಣದ ನಾನಾ ಭೇದಗಳುಂಟಾಗುತ್ತವೆ. ಕ್ಯೋಟೋವಿನ ಕುಶಲನು ತಂತಿಯನ್ನೇ ನೂಲಾಗಿಸಿದರೆ, ಗ್ಯಾಟಿಯು ನೂಲಿನ ಒಳಗೆ ಲೋಹದ ತುಕ್ಕನ್ನು ಸೇರಿಸಿದನು. ಕಬ್ಬಿಣವನ್ನು ಬಟ್ಟೆಗೆ ಹಿಡಿಸುವ ವಿದ್ಯೆ ನಮ್ಮ ಬಣ್ಣಗಾರರಿಗೂ ಹೊಸದಲ್ಲ. ಅಳಲೆಕಾಯಿಯ ಒಗರಿಗೆ ಕಬ್ಬಿಣದ ರಸವನ್ನು ಕೂಡಿಸಿ ಕಪ್ಪು ಬಣ್ಣ ಕಟ್ಟುವುದು ಈ ದೇಶದ ಹಳೆಯ ಪದ್ಧತಿ. ಗ್ಯಾಟಿಯ ಖಾಕಿಯ ಹೆಚ್ಚಳವು ಅದು ಗಿರಣಿಗೆ ಒಗ್ಗಿದುದರಲ್ಲಿದೆ. ಮರದ ಕಾಯಿಯನ್ನು ಹೆಕ್ಕಿ ರಸ ತೆಗೆಯುವ ಬಲ್ಮಠದ ಪದ್ಧತಿಯಿಂದ ಲಕ್ಷಾಂತರ ಸೈನಿಕರಿಗೆ ಒಂದೇ ಛಾಯೆಯ ಬಟ್ಟೆಯನ್ನು ಒದಗಿಸುವುದು ಆಗತಕ್ಕ ಮಾತಲ್ಲ.

ರಾಬರ್ಟ್ಸನ ಭೇಟಿಯ ಮಾತಿಗೂ ಕಾಲಗಣನೆಯ ಒರೆಗಲ್ಲು ಬೇಕು. ಫ್ರೆಡರಿಕ್ ರಾಬರ್ಟ್ಸ್ ೧೮೮೧ರಿಂದ ೧೮೮೫ರ ವರೆಗೆ ಮದರಾಸು ಸೈನ್ಯದ, ಅನಂತರ ೧೮೯೩ರ ವರೆಗೆ ಹಿಂದೂಸ್ಥಾನದ ಇಡೀ ಸೈನ್ಯದ ದಂಡನಾಯಕನಾಗಿದ್ದನು. ದಕ್ಷಿಣ ಕನ್ನಡ ಜಿಲ್ಲೆಯು ಮದರಾಸು ಪ್ರಾಂತಕ್ಕೆ ಸೇರಿದ್ದುದರಿಂದ ಮೊದಲಿನ ಅಧಿಕಾರದ ಕಾಲದಲ್ಲಿ ಅವನು ಮಂಗಳೂರನ್ನು ಕಾಣುವುದು ಸಹಜ. ಆಗ ಅವನಿನ್ನೂ 'ಲಾರ್ಡ್' ಆಗಿರಲಿಲ್ಲ. ಆ ಪದವಿ ಬಂದುದು ೧೮೯೨ರಲ್ಲಿ. ಇದೊಂದು ಹೆಸರಿನ ವ್ಯತ್ಯಾಸ. ಕಥೆಯನ್ನು ಅಲ್ಲಗಳೆಯಲು ಅದು ಸಾಲದು. ಮುಖ್ಯವಾದ ಆಕ್ಷೇಪವು ಬೇರೊಂದಿದೆ. ರಾಬರ್ಟ್ಸನು ೧೮೭೮ರಿಂದ ೧೮೮೦ರ ವರೆಗಿನ ಆಫ್ಘನ್ ಯುದ್ಧದಲ್ಲಿ ಖಾಕಿ ತೊಟ್ಟ ದಂಡನ್ನು ನಡೆಸಿದವನು. ಬಲ್ಮಠದಲ್ಲಿ ಅವನು ಮೆಚ್ಚಿದುದು ಒಂದು ಗಟ್ಟಿಯಾದ ಬಟ್ಟೆಯನ್ನು, ನಿಂತ ಬಣ್ಣವನ್ನು ಇರಬಹುದು. ಖಾಕಿಯ ಪರಿಚಯವು ಅವನಿಗೆ ಅಲ್ಲಿ ಆಗಬೇಕಾಗಿರಲಿಲ್ಲ. ಬ್ರಿಟಿಷ್ ಸೈನ್ಯವು ಬೋಯರ್ ಯುದ್ಧಕ್ಕೆ ಖಾಕಿಯಲ್ಲೇ ಹೋಯಿತು. ೧೯೦೨ರಲ್ಲಿ ಸ್ವದೇಶದ ಉಡುಪಿಗೂ ಅದೇ ಬಣ್ಣವು ಗೊತ್ತಾಯಿತು. ಆ ಹೊತ್ತಿಗೆ ಬಣ್ಣವು ಲ್ಯಾಂಕಶೈರಿನದು.

ಆದುದರಿಂದ ಐತಿಹ್ಯದಲ್ಲಿ ಹೆಸರು, ಸೈನ್ಯದ ಮೊದಲ ಉಪಯೋಗ, ಜಗದ್ವ್ಯಾಪ್ತಿ, ಈ ಮೂರನ್ನೂ ಬಿಟ್ಟುಕೊಡಬೇಕಾಗುತ್ತದೆ. ಉಳಿಯುವುದು, ಗ್ಯಾಟಿಗಿಂತ ಮೂವತ್ತಕ್ಕೂ ಹೆಚ್ಚು ವರ್ಷ ಮೊದಲು ಕೈಮಗ್ಗದ ಬಟ್ಟೆಗೆ ದೇಶೀಯ ವೃಕ್ಷದ ರಸದಿಂದ ಒಗೆತಕ್ಕೆ ನಿಲ್ಲುವ ಧೂಳುಬಣ್ಣವನ್ನು ಕಟ್ಟಿದರೆಂಬ ಪ್ರತೀತಿ. ಇಷ್ಟನ್ನೇ ಹೇಳಿದರೆ ಬಲ್ಮಠಕ್ಕೆ ಕುಂದೇನೂ ಇಲ್ಲ. ಖಾಕಿಯ ತವರೂರೆಂಬ ಬಿರುದಿಗಾಗಿ ಪೇಶಾವರದೊಡನೆ ಜಗಳಾಡುವುದರಿಂದ ಮಗ್ಗದ ನಿಜವಾದ ಕೆಲಸವು ಮರೆಯಾಗುತ್ತದೆ.

ಮಿಷನ್ನಿನ ಗಮನವು ಕ್ರಮೇಣ ಮಗ್ಗದಿಂದ ಆವೆಮಣ್ಣಿನತ್ತ ತಿರುಗಿತು. ಬಲ್ಮಠದ ಅಚ್ಚುಕೂಟಕ್ಕೆ ಮೊಳೆಯಚ್ಚನ್ನು ತಂದು ಕೂರಿಸಿದ ಗೇಯೋರ್ಗ್ ಪ್ಲೆಬ್ಸ್ಟನೇ ೧೮೬೫ರಲ್ಲಿ ನೇತ್ರಾವತಿಯ ದಡದ ಜೆಪ್ಪಿನಲ್ಲಿ ಹೆಂಚಿನ ಕಾರ್ಖಾನೆಯನ್ನು ಹೂಡಿದನು. ಮಂಗಳೂರಿನ ಹೆಸರು ಹೆಂಚಿನ ಮೇಲೇರಿ ಸಮುದ್ರ ದಾಟಿತು. ನೆಯ್ಗೆಯ ಕೇಂದ್ರವು ಕಣ್ಣಾನೂರು ಕಲ್ಲಿಕೋಟೆಗಳ ಕಡೆಗೆ ಸರಿಯಿತು. ಅಲ್ಲಿ ಮಿಷನ್ನಿನ ನೆಯ್ಗೆಯ ಶಾಲೆಗಳು ಬಲ್ಮಠದ್ದನ್ನು ಮೀರಿ ಬೆಳೆದುವು. ೧೯೧೪ರಲ್ಲಿ ಮಹಾಯುದ್ಧವು ಹುಟ್ಟಿದಾಗ ಬಾಸೆಲ್ ಸ್ವಿಸ್ ನಗರವಾಗಿದ್ದರೂ ಮಿಷನ್ನಿನವರಲ್ಲಿ ಬಹುಮಂದಿ ಜರ್ಮನ್ ಪ್ರಜೆಗಳಾಗಿದ್ದುದರಿಂದ, ಕೆಲವರು ಬಂಧನದಲ್ಲಿಡಲ್ಪಟ್ಟು ಸ್ವದೇಶಕ್ಕೆ ಕಳುಹಿಸಲ್ಪಟ್ಟರು. ಕೈಗಾರಿಕೆಗಳನ್ನು ಸರಕಾರವು ವಶಪಡಿಸಿಕೊಂಡು ೧೯೧೯ರಲ್ಲಿ ಕಾಮನ್‌ವೆಲ್ತ್ ಟ್ರಸ್ಟ್ ಎಂಬ ಆಂಗ್ಲ ಸಂಸ್ಥೆಗೆ ಒಪ್ಪಿಸಿತು. ಮರುವರ್ಷ, ೧೯೨೦ರಲ್ಲಿ, ಗಾಂಧೀಜಿ ಮಂಗಳೂರಿಗೆ ಮೊದಲ ಸಲ ಬಂದರು. ಕಾರ್ನಾಡು ಸದಾಶಿವರಾಯರ ಮುಂದಾಳುತನದಲ್ಲಿ ಕೈನೂಲಿನ ಖಾದಿಯು ಆ ಊರಿನ ಬೀದಿಗಳನ್ನು ಹೊಕ್ಕಿತು. ಸತ್ಯಾಗ್ರಹಿಗಳನ್ನು ತಡೆಯಲು ನಿಂತ ಪೋಲೀಸರ ಮೈಮೇಲಿದ್ದುದು ಖಾಕಿ.

ಬಲ್ಮಠದಲ್ಲಿ ಈಗ ಮಗ್ಗವಿಲ್ಲ. ಚೌಕಟ್ಟಿನ ಮಗ್ಗವು ಮಾತ್ರ ಮಿಷನ್ನಿನ ಆವರಣವನ್ನು ದಾಟಿ ಹೊರಗೆ ಹೋಯಿತು. ಕಣ್ಣಾನೂರಿನ ಸುತ್ತುಮುತ್ತ ಅದು 'ಮಲಬಾರ್ ಮಗ್ಗ'ವೆಂದೇ ಪ್ರಸಿದ್ಧವಾಯಿತು. ತುಳುನಾಡಿನ ಶೆಟ್ಟಿಗಾರರೂ ಗುಣಿಯಿಂದೆದ್ದು ಚೌಕಟ್ಟಿನ ಮಗ್ಗಕ್ಕೆ ಏರಿದರು. ಉಡುಪಿ ಸೀರೆಯೆಂಬ ತೆಳುವಾದ ಹತ್ತಿಯ ಸೀರೆಯನ್ನು ಕಿನ್ನಿಗೋಳಿ ಮೊದಲಾದೆಡೆಗಳಲ್ಲಿ ಇಂದಿಗೂ ನೇಯುತ್ತಿರುವುದು ಅಂಥ ಮಗ್ಗಗಳ ಮೇಲೆಯೇ.